ಹೊಸತೊಡಕಿನ ದಿನ ಹಸಿದ ಜೀವಕೋಶಗಳು

ಹನಕೆರೆಯ ಚಿಕ್ಕಬೋರಮ್ಮನ ಸೊಸೆ ಗಗನಳನ್ನು ಯಾರಾದರೂ 'ಏನು ಕೆಲಸ' ಎಂದು ಕೇಳಿದರೆ 'ಸಾಕಾಣಿಕೆ' ಎಂದುಬಿಡುತ್ತಾಳೆ. ಸುಳ್ಳೇನಲ್ಲ ಬಿಡಿ. ಸೋಮನಹಳ್ಳಿಯ ಪುಟ್ಟ ಪ್ರಯೋಗಾಲಯದಲ್ಲಿ ಅವಳು ಸಾಕುವುದು ಜೀವಕೋಶಗಳನ್ನು. ನಮ್ಮ ಮೈಯೊಳಗೆ ಜೀನುಗಳನ್ನು ಎಬ್ಬಿಸಿ ಕೆಲಸಕ್ಕೆ ಹಚ್ಚುವ ಪ್ರೋಟೀನುಗಳಿವೆಯಲ್ಲ, ಅವುಗಳಿಗೊಬ್ಬ ಜೊತೆಗಾರ ಪ್ರೋಟೀನು ಇದೆ. ಅದು ಎಲ್ಲಿ ಕೂತಿದೆ ಎಂದು ಪತ್ತೆ ಮಾಡಬೇಕಾದರೆ, ಅದನ್ನೊಂದೇ ಹಿಡಿದು ಬೇರೆ ಯಾವುದನ್ನೂ ಮುಟ್ಟದ ಪ್ರತಿಕಾಯ ಬೇಕು. ಅಂಥ ಪ್ರತಿಕಾಯ ಒಸರುವ ಕೋಶಗಳನ್ನು ಇಲಿಯಿಂದ ಪಡೆದು ಬೆಳೆಸುವಷ್ಟರಲ್ಲಿ ಗಗನಳಿಗೆ ಸಾಕುಸಾಕಾಗಿತ್ತು. ಕೆಲವು ಸತ್ತವು. ಕೆಲವುಗಳ ಪ್ರತಿಕಾಯ ಕಂಡಕಂಡದ್ದಕ್ಕೆಲ್ಲ ಅಂಟಿಕೊಂಡು ಮಾನ ಕಳೆಯಿತು! ಕೊನೆಗೆ ಉಳಿದದ್ದು ಒಂದೇ ಬಟ್ಟಲಿನ ಒಂದೇ ಸಂಸಾರ. ಶೀತಪೆಟ್ಟಿಗೆಯಲ್ಲಿ ಎತ್ತಿಡುವಷ್ಟು ಅದಿನ್ನೂ ಬೆಳೆದಿರಲಿಲ್ಲ. ದಿನ ಬಿಟ್ಟು ದಿನ ಹೊಸ ಪೋಷಕ ದ್ರವ ಹಾಕದಿದ್ದರೆ ಅದರ ಕಥೆಯೂ ಮುಗಿದಂತೆಯೇ.

ಹಬ್ಬಗಳಿಗೆಂದು ಗಗನಳೂ ಲ್ಯಾಬಿನಲ್ಲಿ ಜೊತೆಗೆ ಕೆಲಸ ಮಾಡುವ ತಹಸೀನಳೂ ಒಪ್ಪಂದ ಮಾಡಿಕೊಂಡಿದ್ದರು. ಯುಗಾದಿ, ದೀಪಾವಳಿಗೆ ಕೋಶಗಳನ್ನು ತಹಸೀನ್ ನೋಡಿಕೊಳ್ಳುವುದು, ರಂಜಾನಿಗೆ ಗಗನ. ಆ ವರ್ಷ ನೋಡಿ, ಯುಗಾದಿಯ ಮಾರನೆಯ ದಿನ, ಊರಿಗೆ ಊರೇ ಬಾಡೂಟ ಉಣ್ಣುವ ಹೊಸತೊಡಕಿನಂದೇ ರಂಜಾನೂ ಬಂದು ಕೂತಿತು! ಯುಗಾದಿಯ ಸಂಜೆ ಚಂದ್ರ ಕಂಡನೆಂದು ತಹಸೀನ್ ಫೋನು ಮಾಡಿದಾಗ, ನಾಳೆಯ ಸರದಿ ತನ್ನ ತಲೆಗೇ ಬಂತೆಂದು ಗಗನಳಿಗೆ ಗೊತ್ತಾಯಿತು. ಮದುವೆಯಾದ ಮೇಲೆ ಇದು ಮೊದಲ ಹೊಸತೊಡಕು. ನೆಂಟರು ಬರುವುದೇ ಹೊಸ ಸೊಸೆಯ ಕೈರುಚಿ ನೋಡಲು. ಅತ್ತೆಯ ಬಾಯಿಗೋ ಅರ್ಧ ಊರೇ ಹೆದರುತ್ತಿತ್ತು.

ಬೆಳಗ್ಗೆ ಈರುಳ್ಳಿ ಹೆಚ್ಚುತ್ತಾ ಗಗನ ಅಳುಕುತ್ತಲೇ ಬಾಯಿಬಿಟ್ಟಳು. "ಅತ್ತೆ, ಲ್ಯಾಬಲ್ಲಿ ಸೆಲ್ಲುಗೊಳ್ಗೆ ಊಟ ಆಕಿ ಬರ್ಬೇಕಿತ್ತು."

"ಇವತ್ತಾ? ಒಂದಿನ ಉಣ್ದಿದ್ರೆ ಏನಾದದು?"

"ಸತ್ತೋಯ್ತವೆ."

ಖಾರ ರುಬ್ಬುತ್ತಿದ್ದ ಚಿಕ್ಕಬೋರಮ್ಮನ ಕೈ ನಿಂತಿತು. ಮೊನ್ನೆ ಮೊನ್ನೆಯವರೆಗೂ ಮಡಿಯಿಂದ ರೇಷ್ಮೆಹುಳು ಸಾಕಿದ ಕೈ ಅದು.

"ಅದ್ನ ರಾತ್ರೀನೇ ಒದರಬಾರ್ದಾಗಿತ್ತಾ? ನಮ್ಮವ್ವ ಸತ್ತ ದಿನಾನೂವೆ ಉಳಕ್ಕೆ ಸೊಪ್ಪಾಕ್ಬುಟ್ಟೇ ಓಗಿದ್ದೆ ನಾನು. ಬಾಯಿಲ್ಲದ ಜೀವ ಕಣಮ್ಮಿ! ಬುಡು ಆ ಈರುಳ್ಳಿಯ. ಬಾಡು ಮುಟ್ಬ್ಯಾಡ. ತಲೆಗೆ ನೀರಾಕ್ಕಂಡು ಮಡೀಲಿ ಓಗು."

ಗಗನಳಿಗೆ ನಗುವೂ ಬಂತು, ಅಳುವೂ ಬಂತು. ಹಬ್ಬದ ದಿನ ಬಸ್ಸಿಲ್ಲ. ಗಂಡನ ಬೈಕು ಹತ್ತಿ ಸೋಮನಹಳ್ಳಿ ಮುಟ್ಟಿದಾಗ ಬಟ್ಟಲಿನಲ್ಲಿ ಕೆಂಪಗಿರಬೇಕಾದ ದ್ರವ ಹಳದಿಗೆ ತಿರುಗಿತ್ತು. ಇನ್ನೊಂದು ರಾತ್ರಿ ಕಳೆದಿದ್ದರೆ ಒಂದೂ ಉಳಿಯುತ್ತಿರಲಿಲ್ಲ. ಹೊಸ ದ್ರವ ಹಾಕಿ, ಎರಡು ಬಟ್ಟಲಿಗೆ ಹಂಚಿ, ಸೂಕ್ಷ್ಮದರ್ಶಕದಲ್ಲಿ ನೋಡಿದಳು. ದುಂಡಗೆ, ಥಳಥಳ ಹೊಳೆಯುತ್ತಿದ್ದವು. "ಉಣ್ರವ್ವಾ, ಉಣ್ರಿ" ಎಂದು ಅವಕ್ಕೆ ಹೇಳಿದಳು.

ಮನೆಗೆ ಬರುವಷ್ಟರಲ್ಲಿ ಮಧ್ಯಾಹ್ನ ಇಳಿದಿತ್ತು. ಉಂಡವರೆಲ್ಲ ಎದ್ದು ಹೋಗಿರುತ್ತಾರೆ, ಆಡಿಕೊಂಡೂ ಇರುತ್ತಾರೆ ಎಂದುಕೊಂಡೇ ಹೊಸಿಲು ದಾಟಿದಳು. ನೋಡಿದರೆ ನೆಂಟರೆಲ್ಲ ಬರಿ ಎಲೆ ಮುಂದೆ ಮುಖ ಊದಿಸಿಕೊಂಡು ಕೂತಿದ್ದಾರೆ!

"ಬಂದ್ಯಾ ನನ್ ತಾಯಿ!" ಎಂದ ಗಂಡನ ಸೋದರಮಾವ ಪುಟ್ಟಮಾದಯ್ಯ. "ನಿಮ್ಮತ್ತೆ ಒಂದ್ ಮೂಳೆ ಬಡಿಸ್ಲಿಲ್ಲ ಕಣವ್ವ. ಸೊಪ್ಪಾಕಕ್ಕೆ ಓದೋಳು ಬರೋಗಂಟ ಯಾರೂ ಉಣ್ಣಂಗಿಲ್ಲ ಅಂತ ಕೂರ್ಸವ್ಳೆ."

ಚಿಕ್ಕಬೋರಮ್ಮ ಒಳಗಿನಿಂದ ಮುದ್ದೆಯ ತಟ್ಟೆ ಹಿಡಿದು ಬಂದಳು. "ಉಂಡ್ವಾ?"

"ಉಂಡ್ವು ಅತ್ತೆ. ಎಲ್ಲಾ ಬದುಕವೆ."

"ಕೂತ್ಕೊ ಅಂಗಾರೆ" ಎಂದು ಚಿಕ್ಕಬೋರಮ್ಮ ಮೊದಲ ಮುದ್ದೆಯನ್ನು ಸೊಸೆಯ ಎಲೆಗೆ ಹಾಕಿದಳು.