ಅತ್ತೆ ನೆನೆಹಾಕಿದ ಅನ್ನ

ನನ್ನ ಕಣ್ಣು ಹಳದಿಯಾಗಿದ್ದನ್ನು ಮೊದಲು ನೋಡಿದವರು ನಮ್ಮ ಅತ್ತೆ. ಎಮ್ಮೆಗೆ ಹಿಂಡಿ ಕಲಸುತ್ತಿದ್ದೆ. ಗದ್ದ ಹಿಡಿದು ಮುಖ ಬಿಸಿಲಿಗೆ ತಿರುಗಿಸಿ, "ಯವ್ವಾ, ಅರಿಷಿಣ ಹಚ್ಚಿದಂಗ ಆಗ್ಯಾವಲ್ಲ!" ಅಂದರು.

ಜಾಂಡೀಸ್.

ಅಥಣಿಯಲ್ಲಿ ಬ್ಲಡ್ ಟೆಸ್ಟ್, ಸ್ಕ್ಯಾನಿಂಗ್ ಆಯಿತು. ಸಲಾಯಿನ್ ಹಚ್ಚಿದರು. ಮನೆಗೆ ಕಳಿಸುವಾಗ ಡಾಕ್ಟರು, "ಔಷಧಕ್ಕಿಂತ ಊಟ ಮುಖ್ಯ ನೋಡ್ರಿ. ಉಣ್ಣಲಿಲ್ಲಂದ್ರ ಮತ್ತ ಅಡ್ಮಿಟ್ ಆಗಬೇಕಾಗ್ತೈತಿ" ಅಂದರು.

ಅದೇ ಆಗಲಿಲ್ಲ. ರೊಟ್ಟಿ ಕಂಡರೆ ವಾಕರಿಕೆ. ಗಂಜಿ ಒಳಗೆ ಹೋದಷ್ಟೇ ಬೇಗ ಹೊರಗೆ. ಒಡಿಶಾದಿಂದ ಮದುವೆಯಾಗಿ ಶೇಡಬಾಳಕ್ಕೆ ಬಂದವಳು ನಾನು. ಇಲ್ಲಿಯ ಮಾತು ಕಲಿತೆ, ರೊಟ್ಟಿ ಬಡಿಯಲು ಕಲಿತೆ, ಮೀನು ಮರೆತೆ, ಹೊತ್ತು ಮುಳುಗುವುದರೊಳಗೆ ಉಣ್ಣುವ ಜೈನರ ಮನೆಯ ರೂಢಿಗೂ ಹೊಂದಿಕೊಂಡೆ. ಕಾಯಿಲೆ ಬಿದ್ದಾಗ ಮಾತ್ರ ಹೊಟ್ಟೆ ನನ್ನ ಮಾತು ಕೇಳಲಿಲ್ಲ.

ನೋಡಲು ಬಂದ ಅತ್ತೆಯ ತಂಗಿ ನನ್ನೆದುರೇ ಅಂದರು: "ಅಕ್ಕಾ, ಏನರ ಹೆಚ್ಚುಕಮ್ಮಿ ಆದ್ರ ನಮ್ಮ ತಲಿಮ್ಯಾಲ ಬರ್ತೈತಿ. ಅವರ ಊರಿಗೆ ಕಳಿಸಿಬಿಡು."

ನಾನು ಗೋಡೆ ಕಡೆ ಹೊರಳಿದೆ. ನಮ್ಮ ಒಡಿಶಾದಿಂದಲೇ ಬಂದ ಸೊಸೆಯೊಬ್ಬಳನ್ನು ಪಕ್ಕದೂರಿನವರು ಹೀಗೆ ತವರಿಗೆ ಕಳಿಸಿದ್ದರು. ವಾಪಸ್ ಕರೆತರಲು ಯಾರೂ ಹೋಗಲಿಲ್ಲ.

ಅತ್ತೆ ತಂಗಿಯನ್ನು ಬಸ್ಸಿಗೆ ಬಿಟ್ಟು ಬಂದರು. ಸಂಜೆ ಪಕ್ಕದಲ್ಲಿ ಕೂತು, "ಖರೇ ಹೇಳು, ಏನ ತಿನ್ನಬೇಕ ಅನಸತೈತಿ?" ಎಂದು ಕೇಳಿದರು.

"ಪಖಾಳ," ಅಂದೆ. ಅನ್ನಕ್ಕೆ ನೀರು ಹಾಕಿ ರಾತ್ರಿಯಿಡೀ ನೆನೆಯಲು ಬಿಟ್ಟು ಬೆಳಿಗ್ಗೆ ಉಣ್ಣುವುದು. ಅಂದ ಮೇಲೆ ನಾಲಿಗೆ ಕಚ್ಚಿಕೊಂಡೆ. ರಾತ್ರಿ ಉಳಿದ ಅನ್ನದಲ್ಲಿ ಜೀವಿಗಳು ಹುಟ್ಟುತ್ತವೆಂದು ದೀಪ ಹಚ್ಚುವ ಮೊದಲೇ ಪಾತ್ರೆಯೆಲ್ಲ ತೊಳೆದು ಬೋರಲು ಹಾಕುವವರು ನಮ್ಮ ಅತ್ತೆ. ಈ ಮನೆಯಲ್ಲಿ ತಂಗಳು ಎಂಬುದೇ ಇಲ್ಲ.

ಅವರು ತಟ್ಟನೆ ಎದ್ದು ಹೊರಗೆ ಹೋದರು. ಸಿಟ್ಟಾದರು ಅಂದುಕೊಂಡೆ. ಆದರೆ ನನ್ನ ಗಂಡನಿಂದ ಡಾಕ್ಟರಿಗೆ ಫೋನ್ ಮಾಡಿಸಿದ್ದರು. ಕುದಿಸಿ ಆರಿಸಿದ ನೀರು ಹಾಕಿದರೆ ಅಡ್ಡಿಯಿಲ್ಲ ಅಂದರಂತೆ.

ಬೆಳಿಗ್ಗೆ ಅತ್ತೆ ಅನ್ನ ನೆನೆಹಾಕಿದ್ದ ಒಂದು ಸ್ಟೀಲ್ ಡಬ್ಬಿ ತಂದರು. ರಾತ್ರಿ ಅದನ್ನು ಅಡುಗೆಮನೆಯಲ್ಲಿಡಲು ಮನಸ್ಸು ಒಪ್ಪದೆ ಪಡಸಾಲೆಯಲ್ಲಿ ತಮ್ಮ ಮಂಚದ ಪಕ್ಕ ಇಟ್ಟುಕೊಂಡು ಮಲಗಿದ್ದರು. ಒಂದು ಕೈಯಲ್ಲಿ ಸೆರಗಿನಿಂದ ಮೂಗು ಮುಚ್ಚಿಕೊಂಡು, ಇನ್ನೊಂದು ಕೈಯಿಂದ ಉಣಿಸಿದರು. ನನಗೆ ನಗು. ನಕ್ಕರೆ ವಾಂತಿಯಾದೀತೆಂದು ತಡೆದುಕೊಂಡೆ.

ತುತ್ತು ಹೊಟ್ಟೆಯಲ್ಲಿ ನಿಂತಿತು.

ಈಗ ಕಣ್ಣು ಬೆಳ್ಳಗಾಗಿವೆ. ಇನ್ನೊಂದು ಟೆಸ್ಟ್ ಬಾಕಿಯಿದೆ, ಎಣ್ಣೆ ಇನ್ನೂ ಬಂದ್. ಮೊನ್ನೆ ಚಿಕ್ಕತ್ತೆ ಮತ್ತೆ ಬಂದು, "ಈಕಿನ್ನ ಕಳಿಸಲೇ ಇಲ್ಲೇನ?" ಅಂದರು.

"ಆಕಿ ಮನಿಗೇ ಬಂದು ಆಕಿನ್ನೇ ಕಳಸು ಅಂತಿಯಲ್ಲಬೇ," ಅಂದರು ಅತ್ತೆ.

ಒಳಗೆ ಚಹಾ ಸೋಸುತ್ತಿದ್ದ ನನಗೆ ಅಳು ಬಂತು. ಆ ಡಬ್ಬಿ ಇವತ್ತಿಗೂ ಅಡುಗೆಮನೆಯೊಳಗೆ ಬಂದಿಲ್ಲ. ಬರದಿದ್ದರೂ ಚಿಂತೆಯಿಲ್ಲ, ಸಂಜೆಯಾದರೆ ಅತ್ತೆ ತಾವೇ ಅದಕ್ಕೆ ಅನ್ನ, ನೀರು ಹಾಕಿಡುತ್ತಾರೆ.