ಗುರುವಾರಕ್ಕೆ ಸರಿದ ಮಳೆ

ಆ ದಿನ ಬೆಳಿಗ್ಗೆಯೂ ಎಂದಿನಂತೆ ಒಲೆಯ ಬೂದಿ ತೆಗೆದು, ಅಂಗಳಕ್ಕೆ ನೀರು ಹಾಕಿ, ಹಾಲು ಕಾಯಲಿಟ್ಟು, ಎಂಟಕ್ಕೆ ಐದು ನಿಮಿಷವಿರುವಾಗ ನಾನು ಕಚೇರಿಯ ಹಿತ್ತಲಿಗೆ ಹೋದೆ. ನಿಜಾಮರ ಆಳ್ವಿಕೆಯ ಕಾಲ. ಯಜಮಾನರು ಕಮಲಾಪುರದ ಸರಕಾರಿ ಕಚೇರಿಯಲ್ಲಿ ಗುಮಾಸ್ತರು. ನಮ್ಮ ಮನೆ ಆ ಕಚೇರಿಯ ಬೆನ್ನಿಗೇ ಇತ್ತು, ನಡುವೆ ಒಂದು ಮೋಟುಗೋಡೆ. ಹಿತ್ತಲಿನಲ್ಲಿ ಮಳೆ ಅಳೆಯುವ ತಾಮ್ರದ ಡಬ್ಬಿಯನ್ನು ನೆಲದಲ್ಲಿ ಹೂಳಿದ್ದರು. ಅವತ್ತು ಒಳಗಿನ ಬಾಟಲಿಯಲ್ಲಿ ನೀರಿರಲಿಲ್ಲ, ಒಂದು ಕಟ್ಟಿರುವೆ ಇತ್ತು. ಕಡ್ಡಿಯಿಂದ ಅದನ್ನು ಹೊರಗೆಳೆದು ಬಿಟ್ಟೆ.

ಅಳೆಯುವುದು ಯಜಮಾನರ ಕೆಲಸ. ಆದರೆ ಒಂದು ತಿಂಗಳ ಹಿಂದೆ ಅವರಿಗೆ ಚಳಿಜ್ವರ ಬಂದಾಗ ಹನ್ನೊಂದು ದಿನ ನಾನೇ ಅಳೆದು ಬರೆದಿದ್ದೆ; ಆಮೇಲೂ ಬೆಳಿಗ್ಗೆ ಹೋಗಿ ಡಬ್ಬಿ ಇಣುಕುವುದು ರೂಢಿಯಾಗಿತ್ತು. ಹೈದರಾಬಾದಿನಲ್ಲಿ ನಾನು ಓದಿದ ಕಾನ್ವೆಂಟಿನ ಸಿಸ್ಟರ್ ಒಬ್ಬರು ಗಾಜಿನ ಕೊಳವೆಯನ್ನು ಓದುವುದು ಹೇಗೆಂದು ಕಲಿಸಿದ್ದರು. ನೀರಿನ ಮಟ್ಟಕ್ಕೆ ಕಣ್ಣು ತರಬೇಕು. ನಿಂತು ನೋಡಿದರೆ ಒಂದು ಅಂಕಿ, ಬಗ್ಗಿ ನೋಡಿದರೆ ಇನ್ನೊಂದು. ಸರಿಯಾಗಿ ಬಗ್ಗುವುದನ್ನು ಕಲಿತರೆ ಎಲ್ಲರಿಗೂ ಒಂದೇ ಅಂಕಿ ಕಾಣುತ್ತದೆ ಎಂದು ನಾನು ನಂಬಿಕೊಂಡಿದ್ದೆ. ಹಾಗಾಗಿ ಸೀರೆಯ ನೆರಿಗೆ ಕೆಸರಾದರೂ ಚಿಂತೆಯಿಲ್ಲವೆಂದು ಮೊಣಕಾಲೂರಿ ಅಳೆದಿದ್ದೆ.

ಅದೇ ಹನ್ನೊಂದು ದಿನಕ್ಕೆ ಈಗ ಕುತ್ತು ಬಂದಿತ್ತು. ಊರಿನ ಆಚೆ ತುದಿಯ ದವಾಖಾನೆಯಲ್ಲಿಯೂ ಅಂಥದೇ ಒಂದು ಡಬ್ಬಿಯಿತ್ತು. ಅದರ ಲೆಕ್ಕಕ್ಕೂ ನಮ್ಮ ಲೆಕ್ಕಕ್ಕೂ ತಾಳೆಯಿಲ್ಲವೆಂದು ಕಲಬುರಗಿಯಿಂದ ಕಾಗದ ಬಂದಿತ್ತು. ಅಳೆಯದೆಯೇ ಮನೆಯಲ್ಲಿ ಕೂತು ಅಂಕಿ ಬರೆದಿದ್ದಾರೆಂದು ಅನುಮಾನ. ಅದು ನಿಜವೆಂದಾದರೆ ನೌಕರಿ ಹೋಗುತ್ತದೆ.

"ನೀನೂ ಬಾ," ಎಂದರು ಯಜಮಾನರು, ಟೋಪಿ ಒರೆಸುತ್ತ. "ಅಕ್ಷರ ನಿನ್ನವು. ನಾ ಏನ್ ಹೇಳಿದ್ರೂ ಸಾಹೇಬ್ರು ನಂಬೂದಿಲ್ಲ."

"ನಾ ಏನಂತ ಹೇಳ್ಲಿ?"

"ಅಳದು ಬರದೀನಿ ಅಂತ ಹೇಳು. ಅಳದೀಯಿಲ್ಲೊ?"

ಆ ಕೊನೆಯ ಪ್ರಶ್ನೆ ನನಗೆ ಚುಚ್ಚಿತು. ಎದ್ದು ಬುತ್ತಿ ಕಟ್ಟಿದೆ.

ಕಲಬುರಗಿಗೆ ಹೋಗುವ ಮೋಟಾರಿನಲ್ಲಿ ದವಾಖಾನೆಯ ಕಂಪೌಂಡರರೂ ಇದ್ದರು, ಅವರಿಗೂ ಕರೆ ಬಂದಿತ್ತು. ಗಡ್ಡಕ್ಕೆ ಮೆಹಂದಿ ಹಚ್ಚಿದ ವಯಸ್ಸಾದ ಮನುಷ್ಯ. ನನ್ನ ಮಗಳ ಕಿವಿ ಸೋರುವಾಗ ಅವರೇ ಔಷಧಿ ಕೊಟ್ಟಿದ್ದರು. ಅವರ ರಿಜಿಸ್ಟರು ಹಸಿರು ಬಟ್ಟೆಯಲ್ಲಿ, ನಮ್ಮದು ನಾನೇ ಹೊದಿಸಿದ ಕಂದು ಕಾಗದದಲ್ಲಿ. ದಾರಿಯುದ್ದಕ್ಕೂ ಎರಡೂ ಒಂದೇ ಬೆಂಚಿನ ಮೇಲೆ ಕುಲುಕಾಡುತ್ತಿದ್ದವು. ಅವರು ಸುಳ್ಳು ಬರೆಯುವವರಲ್ಲ. ನಾನೂ ಅಲ್ಲ. ಹಾಗಾದರೆ ಯಾರು ಎಂದು ಯೋಚಿಸಿ ಯೋಚಿಸಿ ತಲೆ ಸುತ್ತಿತು. ಅರ್ಧ ಮೋಟಾರಿನ ವಾಸನೆಯಿಂದಲೂ ಇರಬಹುದು.

ಕಚೇರಿಯಲ್ಲಿ ದೊಡ್ಡ ಸಾಹೇಬರು ನನಗಾಗಿ ವರಾಂಡಕ್ಕೆ ಕುರ್ಚಿ ಹಾಕಿಸಿದರು. ಮೂಗಿನ ತುದಿಗೆ ಕನ್ನಡಕ, ಕೈಯಲ್ಲಿ ಕೆಂಪು ಪೆನ್ಸಿಲು.

"ಹೆದರಬ್ಯಾಡ್ರಿ ಬಾಯಿ. ಬುಧವಾರದ ಮುಂದ ಒಂದೂವರಿ ಇಂಚು ಬರದೀರಿ. ಈ ಕಂಪೌಂಡರರ ರಿಜಿಸ್ಟರ್‌ದಾಗ ಬುಧವಾರ ಹನಿ ಇಲ್ಲ, ಜುಮೇರಾತಕ್ಕ, ಅಂದ್ರ ಗುರುವಾರಕ್ಕ, ಒಂದೂವರಿ ಅದ. ಮಳಿ ಒಂದ ಊರಿಗಿ ಎರಡು ಸಲ ಬಂತೇನ್ರಿ?"

ಆ ಮಳೆ ನನಗೆ ಚೆನ್ನಾಗಿ ನೆನಪಿತ್ತು. "ಬುಧವಾರ ರಾತ್ರಿ ಊಟ ಆದಮ್ಯಾಲೆ ಬಂತ್ರಿ. ಯಜಮಾನರ ಹಾಸಿಗಿ ಮ್ಯಾಲೆ ಸೋರ್ಲಿಕ್ಕತ್ತು, ಪಾತೇಲಿ ಇಟ್ಟೆ. ಬೆಳಗಾದ ಮ್ಯಾಲೆ ಅಳದು ಬುಧವಾರಕ್ಕ ಬರದೆ."

ಕಂಪೌಂಡರರು ಗಡ್ಡ ಸವರಿಕೊಂಡರು. "ಬರೋಬರಿ ಅದ. ರಾತ್ರಿ ಇಶಾ ನಮಾಜ್ ಮುಗಿಸಿ ಮನಿಗಿ ಬರ್ಲಾಕತ್ತಿದ್ದೆ, ತೊಯಿಸಿಕೊಂಡೆ. ಆದ್ರ ಅದು ಜುಮೇರಾತದ ರಾತ್ರಿ ಅಲ್ರೀ ಬಾಯಿ? ಸೂರ್ಯ ಮುಳುಗಿದ್ದ ಮ್ಯಾಲ ಬುಧವಾರ ಎಲ್ಲಿ ಉಳೀತು?"

ನಮ್ಮ ಮನೆಯಲ್ಲಿ ಸೂರ್ಯ ಹುಟ್ಟುವ ತನಕ ಹಿಂದಿನ ದಿನವೇ. ಪಂಚಾಂಗ ಹಾಗೆ, ಜಾತಕ ಹಾಗೆ, ಏಕಾದಶಿಯ ಉಪವಾಸವೂ ಹಾಗೆ. ಇನ್ನೊಂದು ಬಗೆಯೂ ಇದೆಯೆಂದು ನನಗೆ ಗೊತ್ತಿರಲಿಲ್ಲವೆಂದಲ್ಲ; ಗಡಿಯಾರ ನಡುರಾತ್ರಿಗೆ ದಿನ ಬದಲಿಸುತ್ತದೆಂದು ಕಾನ್ವೆಂಟಿನಲ್ಲಿ ಓದಿದ್ದೆ. ಆದರೆ ಓದಿದ್ದು ಪರೀಕ್ಷೆಗಾಗಿತ್ತು. ಬರೆಯುವಾಗ ಕೈ ಹೋದದ್ದು ಮನೆಯ ದಿನಕ್ಕೆ.

"ಸರಿ," ಎಂದರು ಸಾಹೇಬರು. "ಮತ್ತ ಸೋಮವಾರದ ಅಂಕಿ ತಿದ್ದೀರಲ್ಲ, ಅದ್ಯಾಕ? ಕೊನಿಗಿ ಒಂದು ಜುಮ್ಮಾ, ಶುಕ್ರವಾರ, ಪೂರಾ ಖಾಲಿ ಬಿಟ್ಟೀರಿ, ಅದ್ಯಾಕ?"

ಮೊದಲ ದಿನ ಮಂಗಳವಾರ ಬೆಳಿಗ್ಗೆ ಅಳೆದದ್ದು ಸೋಮವಾರ ರಾತ್ರಿಯ ಮಳೆ. ರಿಜಿಸ್ಟರಿನ ಸೋಮವಾರದ ಮನೆಯಲ್ಲಿ ಆಗಲೇ ಯಜಮಾನರ ಅಂಕಿ ಇತ್ತು. ಅವರು ಅರ್ಧ ದಿನದ್ದಷ್ಟೇ ಬರೆದಿರಬೇಕೆಂದುಕೊಂಡು, ನನ್ನದನ್ನೂ ಕೂಡಿಸಿ ಮೇಲೆ ಬರೆದಿದ್ದೆ. ಕೊನೆಯ ದಿನ ಶುಕ್ರವಾರ ಬೆಳಿಗ್ಗೆ ಅಳೆದದ್ದು ಗುರುವಾರಕ್ಕೆ ಹೋಯಿತು. ಶನಿವಾರ ಯಜಮಾನರು ಎದ್ದು ತಾವು ಅಳೆದದ್ದನ್ನು ಶನಿವಾರಕ್ಕೇ ಬರೆದರು. ಶುಕ್ರವಾರ ಇಬ್ಬರ ನಡುವೆ ಬರಿದಾಗಿ ಉಳಿಯಿತು.

ಇದನ್ನೆಲ್ಲ ತಡವರಿಸುತ್ತ ಹೇಳಿದೆ. ಯಜಮಾನರು ನನ್ನನ್ನೇ ನೋಡುತ್ತಿದ್ದರು. "ಅಳದ ದಿನಕ್ಕೇ ಬರೀಬೇಕು ಅಂತ ನಿನಗ ಗೊತ್ತಿರಲಿಲ್ಲೇನ?"

"ನೀವು ಹೇಳಲಿಲ್ಲ."

"ಅದನ್ನೇನ್ ಹೇಳೂದು!"

ಅಷ್ಟೇ. ಹೇಳಬೇಕಾದ್ದೆಂದು ಅವರಿಗೆ ತೋಚಲಿಲ್ಲ, ಕೇಳಬೇಕಾದ್ದೆಂದು ನನಗೆ ತೋಚಲಿಲ್ಲ.

ಸಾಹೇಬರು ಒಂದು ಅಚ್ಚಾದ ಇಂಗ್ಲಿಷ್ ಹಾಳೆಯನ್ನು ನನ್ನ ಕೈಗಿಟ್ಟು ಓದಲು ಹೇಳಿದರು. ಬೆಳಿಗ್ಗೆ ಎಂಟಕ್ಕೆ ಅಳೆದ ಮಳೆಯನ್ನು ಅಳೆದ ತಾರೀಖಿಗೇ ಬರೆಯಬೇಕೆಂದು ಅದರಲ್ಲಿ ಸ್ಪಷ್ಟವಾಗಿತ್ತು. ನನ್ನ ತಪ್ಪನ್ನು ನಾನೇ ಗಟ್ಟಿಯಾಗಿ ಓದಿದ ಹಾಗಾಯಿತು. ಅದೇ ಹಾಳೆ ನಮ್ಮ ರಿಜಿಸ್ಟರಿನ ರಟ್ಟಿನ ಒಳಗೂ ಅಂಟಿತ್ತು. ನಾನು ಚೆಂದವಾಗಿ ಮಡಿಸಿದ ಕಂದು ಕಾಗದದ ಅಡಿಯಲ್ಲಿ.

"ಎಂಟಕ್ಕ ಯಾಕ್ರೀ?" ಎಂದೆ. ಕೇಳಬಾರದಿತ್ತೇನೋ. "ಎಂಟಕ್ಕ ಯಾರ ದಿನಾನೂ ಶುರು ಆಗೂದಿಲ್ಲಲ್ಲ?"

ಸಾಹೇಬರು ನಕ್ಕುಬಿಟ್ಟರು. "ಎಂಟಕ್ಕ ಬೆಳಕಿರ್ತದ, ಕಚೇರಿ ಇನ್ನ ಶುರು ಆಗಿರಲ್ಲ, ಅಳಿಯವನಿಗಿ ಪುರಸೊತ್ತು ಇರ್ತದ. ಅದಕ್ಕ ಎಂಟು. ಮಳಿಗೇನ್ ಗೊತ್ತು ಬಾಯಿ!"

ನೌಕರಿ ಉಳಿಯುವ ದಾರಿಯನ್ನೂ ಅವರೇ ಹೇಳಿದರು. ಹನ್ನೊಂದೂ ಅಂಕಿಗಳನ್ನು ಒಂದೊಂದು ದಿನ ಕೆಳಗೆ ಸರಿಸಿ ಹೊಸ ಹಾಳೆಯಲ್ಲಿ ಬರೆದು ನಾಳೆ ಕಳಿಸಬೇಕು. ಅವು ದವಾಖಾನೆಯ ಲೆಕ್ಕಕ್ಕೆ ಕೂಡಿದರೆ ಮಾತು ಅಲ್ಲಿಗೇ ಮುಗಿಯಿತು. ಕೂಡದಿದ್ದರೆ ಹೈದರಾಬಾದಿಗೆ ಬರೆಯದೆ ಅವರಿಗೆ ಬೇರೆ ದಾರಿಯಿಲ್ಲ. ದವಾಖಾನೆಯ ಹಾಳೆ ಆಗಲೇ ಅಲ್ಲಿಗೆ ಹೋಗಿಬಿಟ್ಟಿದೆ, ಇನ್ನು ಬದಲಿಸುವಂತಿಲ್ಲ.

ಯಜಮಾನರ ಮುಖ ಎಷ್ಟೋ ದಿನಕ್ಕೆ ತಿಳಿಯಾಯಿತು. ವಾಪಸು ಹೊರಡುವ ಮೊದಲು ಗಂಜ್ ಬಜಾರಿನ ಹತ್ತಿರ ಮಗಳಿಗೆ ಬತ್ತಾಸು ಕೊಂಡರು. ಆದರೆ ನನ್ನ ತಲೆಯಲ್ಲಿ ಒಂದು ಶನಿವಾರ ಸಿಕ್ಕಿಹಾಕಿಕೊಂಡಿತ್ತು. ಆ ಶನಿವಾರ ಮಳೆ ಬಂದದ್ದು ಮಧ್ಯಾಹ್ನ. ಒಣಗಲು ಹಾಕಿದ ಹಪ್ಪಳ ಎತ್ತಲು ಓಡಿದ್ದೆ. ಸೂರ್ಯ ಇನ್ನೂ ಇದ್ದ. ಅದಕ್ಕೇ ಕಂಪೌಂಡರರೂ ಅದನ್ನು ಶನಿವಾರವೆಂದೇ ಬರೆದಿದ್ದರು, ನಾನೂ. ನಮ್ಮಿಬ್ಬರಿಗೂ ತಾಳೆಯಾಗಿದ್ದ ಮಳೆ ಅದೊಂದೇ, ಸಾಹೇಬರು ಅದರ ಪಕ್ಕ ಸರಿ ಎಂದು ಗುರುತನ್ನೂ ಹಾಕಿದ್ದರು. ಅಳೆದದ್ದು ಮಾತ್ರ ಭಾನುವಾರ ಬೆಳಿಗ್ಗೆ; ಎಂಟು ಗಂಟೆಯ ನಿಯಮದ ಪ್ರಕಾರವಾದರೆ ಅದು ಭಾನುವಾರಕ್ಕೆ ಹೋಗಬೇಕು, ಹೋದರೆ ದವಾಖಾನೆಯ ಲೆಕ್ಕಕ್ಕೆ ಕೂಡುವುದಿಲ್ಲ.

ಮೋಟಾರಿನ ಸದ್ದಿನಲ್ಲಿ ಯಜಮಾನರ ಕಿವಿಗೆ ಇದನ್ನು ಹೇಳಿದೆ.

"ಅದೊಂದನ್ನ ಬಿಟ್ಟುಬಿಡು, ಇದ್ದಲ್ಲೇ ಇರ್ಲಿ," ಎಂದರು.

"ಅದು ತಪ್ಪಾಗ್ತದಲ್ಲ?"

"ಇಬ್ಬರೂ ಬರದದ್ದು ತಪ್ಪು ಹ್ಯಾಂಗಾಗ್ತದ?"

ಸೋರಿದ ಮಾಡು, ಪಾತೇಲಿಯಲ್ಲಿ ಟಪಟಪ ಬಿದ್ದ ನೀರು, ಇವೆಲ್ಲ ನನಗೆ ಬುಧವಾರದವೇ. ಕಾಗದದ ಮೇಲೆ ಅವನ್ನು ಗುರುವಾರಕ್ಕೆ ಸರಿಸುವಾಗ ಏನು ಸರಿಯುತ್ತದೆ? ನೀರಂತೂ ಅಲ್ಲ. ಡಬ್ಬಿ ಸುಳ್ಳಾಡಲಿಲ್ಲ, ಕೊಳವೆ ಸುಳ್ಳಾಡಲಿಲ್ಲ, ಮೊಣಕಾಲೂರಿ ನೋಡಿದ ಕಣ್ಣು ಕೂಡ ಮಟ್ಟಕ್ಕೇ ಇತ್ತು. ಆದರೂ ಅಂಕಿಯ ಒಳಗೆ ನಮ್ಮ ಏಕಾದಶಿ, ಅವರ ನಮಾಜು, ಸಾಹೇಬರ ಕಚೇರಿಯ ಹೊತ್ತು ಎಲ್ಲ ಬಂದು ಕೂತಿದ್ದವು. ಇವನ್ನೆಲ್ಲ ಒಂದೊಂದಾಗಿ ಹೊರಗೆ ತೆಗೆದರೆ ಕೊನೆಗೆ ಬರೀ ಮಳೆಯೆಂಬುದು ಕೈಗೆ ಸಿಗುತ್ತದೆಯೇ? ಸಿಕ್ಕರೂ ಅದನ್ನು ಯಾವ ಮನೆಯಲ್ಲಿ ಬರೆಯುವುದು?

ಮನೆ ಮುಟ್ಟಿದಾಗ ಬಿಸಿಲು ಗೋಡೆಯ ಮೇಲ್ತುದಿಗೆ ಹತ್ತಿತ್ತು. ಮಗಳನ್ನು ನೋಡಿಕೊಂಡಿದ್ದ ಪಕ್ಕದ ಮನೆಯಾಕೆ ಅವಳನ್ನು ಸೊಂಟದ ಮೇಲೆ ಹೊತ್ತು ತಂದುಬಿಟ್ಟಳು. ಒಕ್ಕಲುತನದ ಮನೆಯವಳು, ನಾಲಿಗೆ ಚುರುಕು.

"ಏನ್ ಬಾಯಾರ, ಕಲಬುರಗಿ ನೋಡಿ ಬಂದ್ರಿ, ಮಾರಿ ಹಿಂಗ್ಯಾಕ?"

"ಕೂಡ್ರವ್ವ, ಬರಿಯೂದದ." ಹಾಳೆ ಹಾಸಿ, ದೌತಿಯಲ್ಲಿ ಲೇಖನಿ ಅದ್ದಿ ಕೂತೆ. ಬುಧವಾರದ ಒಂದೂವರೆ ಇಂಚನ್ನು ಗುರುವಾರಕ್ಕೆ ಬರೆದೆ. ಶುಕ್ರವಾರವೂ ಆಯಿತು. ಮುಂದಿನದು ಆ ಶನಿವಾರ. ಯಜಮಾನರು ಬಾಗಿಲಲ್ಲಿ ನಿಂತು ನನ್ನ ಕೈಯನ್ನೇ ನೋಡುತ್ತಿದ್ದರು.

ಬರೆದೆ. ಶನಿವಾರದ್ದನ್ನು ಶನಿವಾರದಲ್ಲಿಯೇ ಬಿಟ್ಟೆ. ಅವರು ಉಸಿರು ಬಿಟ್ಟು ಒಳಗೆ ಹೋದರು. ಮಸಿ ಆರುವ ತನಕ ನಾನು ಆ ಅಂಕಿಯ ಮೇಲೆ ಊದುತ್ತಿದ್ದೆ. ಮನಸ್ಸು ತಡೆಯದೆ ಪಕ್ಕದ ಮನೆಯವಳನ್ನು ಕೇಳಿದೆ, "ಅವತ್ತ ಶನಿವಾರ ಮಧ್ಯಾಹ್ನ ಮಳಿ ಜೋರು ಬಂದಿತ್ತಲ್ಲ, ನೆನಪದೇನವ್ವ?"

ಅವಳು ಮಗಳ ಕೈಯಿಂದ ಒಂದು ಬತ್ತಾಸು ಕಸಿದು ಬಾಯಿಗೆ ಹಾಕಿಕೊಂಡಳು. "ಶನಿವಾರಾ? ಅವತ್ತ ಇಡೀ ದಿನ ಹಳ್ಳದ ದಂಡಿ ಹೊಲದಾಗ ಕಸ ತೆಗಿಲಾಕತ್ತಿದ್ದೆ, ಒಂದು ಹನಿ ಬಿದ್ದಿಲ್ಲ ನೋಡ್ರಿ. ನಿಮ್ಮ ಡಬ್ಬಿ ಮ್ಯಾಲಷ್ಟ ಬಂದಿರಬೇಕ್ರಿ ಬಾಯಾರ."