ಮೀನಿನ ಬಾಲದ ಮೇಲೆ ಹೊಟ್ಟೆಕಿಚ್ಚು

ಮುಂಬಯಿಯ ಚೆಂಬೂರಿನ ಮೀನು ಮಾರ್ಕೆಟ್‌ನಲ್ಲಿ ನಾನು, ಗಾಲಿಕುರ್ಚಿಯಲ್ಲಿ ನನ್ನ ಗಂಡ, ಎದುರಿಗೆ ನಮ್ಮ ಕಾಯಂ ಮೀನಿನವಳು. ಅವಳು ಜೀವಂತ ಮುಗುಡು ಮೀನಿನ ತಲೆಯನ್ನು ಒಂದೇ ಏಟಿಗೆ ತೆಗೆದು ಪಕ್ಕಕ್ಕಿಟ್ಟಳು. ಆದರೂ ಬಾಲ ಹಲಗೆಗೆ ಪಟಪಟ ಬಡಿಯಿತು. ನಾನು ಹಿಂದೆ ಸರಿದೆ.

“ಡರೋ ಮತ್ ಭಾಭೀ, ತಲೆ ಹೋದ್ರೂ ಬೆನ್ನಲ್ಲಿ ಜಾನ್ ಉಂಟು,” ಎಂದು ನಮ್ಮಂಥ ಗಿರಾಕಿಗಳಿಂದಲೇ ಕಲಿತ ಕನ್ನಡದಲ್ಲಿ ಹೇಳಿ ನಕ್ಕಳು.

ಇವರು ಆ ಬಾಲವನ್ನೇ ದುರುಗುಟ್ಟಿ ನೋಡುತ್ತಿದ್ದರು. ಪಾರ್ಶ್ವವಾಯು ಬಡಿದ ಮೇಲೆ ಇವರ ಬಲಗಾಲು ಅಲುಗಿಲ್ಲ. ಕಾಲಿಗೇನೂ ಆಗಿಲ್ಲ, ಮಿದುಳಿನ ಅಪ್ಪಣೆ ಅಲ್ಲಿಗೆ ಮುಟ್ಟುತ್ತಿಲ್ಲ ಎನ್ನುತ್ತಾರೆ ಡಾಕ್ಟರು. ಇಲ್ಲಿ ನೋಡಿದರೆ ಮಿದುಳೇ ಇಲ್ಲದ ಬಾಲ, ಬರೀ ಬೆನ್ನುಹುರಿಯ ಮಾತು ಕೇಳಿ ಕುಣಿಯುತ್ತಿತ್ತು. ಸತ್ತ ಮೀನಿನ ಮೇಲೂ ಹೊಟ್ಟೆ ಉರಿಯುತ್ತದೆಂದು ನನಗೆ ಗೊತ್ತಾದದ್ದು ಅಂದೇ.

ಮದುವೆಯಾದಂದಿನಿಂದ ನಮ್ಮ ಮನೆಯಲ್ಲಿ ಮೀನಿನ ತಲೆ ಇವರಿಗೆ, ಬಾಲ ನನಗೆ. ಆ ಮಧ್ಯಾಹ್ನ ಎಂದಿನಂತೆ ತಲೆ ಬಡಿಸಲು ಹೋದರೆ ಇವರು ಬಟ್ಟಲನ್ನು ಹಿಂದಕ್ಕೆಳೆದುಕೊಂಡರು.

“ಇವತ್ತು ಬಾಲ ಹಾಕು ಮಾರಾಯ್ತಿ. ತಲೆಯನ್ನು ನಂಬಿ ಸಾಕಾಯ್ತು.”

ಹಾಕಿದೆ. ಒಂದು ಮುಳ್ಳನ್ನೂ ಬಿಡದೆ ಚೀಪಿದರು. ಅಂದಿನಿಂದ ತಲೆ ನನ್ನ ಪಾಲಿಗೆ.